ಮೇಸ್ತ್ರಿಗಳ ಸಿನಿಮಾ: ಕಲಾ ನಿರ್ದೇಶನದ ನೂರು ವರ್ಷ

1997ರ ಸಾಲಿನ ರಾಷ್ಟ್ರ ಚಲನಚಿತ್ರ ಪ್ರಶಸ್ತಿಗಳಲ್ಲಿ ಗಿರೀಶ ಕಾಸರವಳ್ಳಿಯವರ ‘ತಾಯಿ ಸಾಹೇಬ’ ಅತ್ಯುತ್ತಮ ಚಿತ್ರವಾಯಿತು. ನಟನೆಗಾಗಿ ಜಯಮಾಲಾ ಅವರಿಗೆ ತೀರ್ಪುಗಾರರ ವಿಶೇಷ ಪ್ರಶಸ್ತಿ ಬಂತು. ಇಷ್ಟು ಬಹಳ ಜನರಿಗೆ ನೆನಪಿದೆ. ಅದೇ ಚಿತ್ರದ ಕಲಾ ನಿರ್ದೇಶನಕ್ಕೆ ರಮೇಶ ದೇಸಾಯಿ ಅವರಿಗೂ ವಸ್ತ್ರವಿನ್ಯಾಸಕ್ಕೆ ವೈಶಾಲಿ ಕಾಸರವಳ್ಳಿ ಅವರಿಗೂ ರಾಷ್ಟ್ರ ಪ್ರಶಸ್ತಿ ಸಂದದ್ದು ಎಷ್ಟು ಜನಕ್ಕೆ ಗೊತ್ತು? ಚಿತ್ರಕ್ಕೆ ಆಧಾರವಾದ ಕಾದಂಬರಿ ರಂ.ಶಾ. ಲೋಕಾಪುರ ಅವರದು. ಕಥೆ ನಡೆಯುವುದು ಮುಂಬೈ ಕರ್ನಾಟಕದ ಒಂದು ವಾಡೆಯಲ್ಲಿ. ಜಮಖಂಡಿಯ ಪಟವರ್ಧನರು, ಮುಧೋಳದ ಘೋರ್ಪಡೆಯವರು ಆಳಿದ ನಮ್ಮ ಸೀಮೆಯ ಜನಕ್ಕೆ ಆ ವಾಡೆಯ ಗತ್ತು, ಗುಟ್ಟು, ಮೌನ ಯಾವುದೂ ಹೊಸದಲ್ಲ. ಅಂಥ ಮನೆಯೊಂದನ್ನು ಪರದೆಯ ಮೇಲೆ ನಂಬುವಂತೆ ನಿಲ್ಲಿಸಿದ ಕೆಲಸವನ್ನು ದೇಶ ಗುರುತಿಸಿತು, ನಾವು ಮರೆತೆವು.

ಈ ಮರೆವು ಒಬ್ಬರಿಗೆ ಸೀಮಿತವಲ್ಲ. ಕನ್ನಡ ಸಿನಿಮಾದ ನಟರ ಬಗ್ಗೆ ಕಪಾಟು ತುಂಬುವಷ್ಟು ಪುಸ್ತಕಗಳಿವೆ. ನಿರ್ದೇಶಕರ, ಗೀತರಚನಕಾರರ, ಸಂಗೀತ ನಿರ್ದೇಶಕರ ಬಗ್ಗೆಯೂ ಇವೆ. ಆ ನಟರು ನಿಂತ ನೆಲ, ಒರಗಿದ ಕಂಬ, ತೆರೆದ ಬಾಗಿಲನ್ನು ಮಾಡಿದವರ ಬಗ್ಗೆ ಹುಡುಕಿದರೆ ಸಿಗುವುದು ಶೀರ್ಷಿಕೆ ಪಟ್ಟಿಯಲ್ಲಿ ಒಂದು ಹೆಸರು ಮಾತ್ರ. ಈ ಕಸುಬು ಎಲ್ಲಿಂದ ಬಂತು, ಯಾರು ಬೆಳೆಸಿದರು, ಇಂದು ಅದರಲ್ಲಿ ಹೊಟ್ಟೆಪಾಡು ಹೇಗಿದೆ, ತೇರದಾಳ, ರಬಕವಿ, ಬನಹಟ್ಟಿಯಂಥ ಊರಿನ ಹುಡುಗ ಹುಡುಗಿಯರಿಗೆ ಅದರೊಳಗೆ ಹೋಗುವ ದಾರಿ ಇದೆಯೆ ಎಂದು ಒಮ್ಮೆ ಪೂರ್ತಿ ನೋಡುವುದು ಈ ಬರಹದ ಉದ್ದೇಶ.

ಕೆಲಸ ಯಾವುದು?

ಪ್ರೊಡಕ್ಷನ್ ಡಿಸೈನರ್ ಎಂಬ ಹುದ್ದೆಗೆ ಹೆಸರು ಬಂದದ್ದು 1939ರ ‘ಗಾನ್ ವಿತ್ ದ ವಿಂಡ್’ ಚಿತ್ರದಿಂದ. ಅದರ ಇಡೀ ದೃಶ್ಯರೂಪವನ್ನು ಚಿತ್ರ ಬರೆದು ಮೊದಲೇ ಗೊತ್ತುಮಾಡಿದ ವಿಲಿಯಂ ಕ್ಯಾಮೆರಾನ್ ಮೆನ್ಜಿಸ್‌ಗೆ ನಿರ್ಮಾಪಕ ಸೆಲ್ಜ್‌ನಿಕ್ ಕೊಟ್ಟ ಪದವಿ ಅದು. ನಮ್ಮಲ್ಲಿ ಬಹುಕಾಲ ಕಲಾ ನಿರ್ದೇಶಕರೇ ಎಲ್ಲವನ್ನೂ ನೋಡಿಕೊಳ್ಳುತ್ತಿದ್ದರು. ಈಗ ದೊಡ್ಡ ಚಿತ್ರಗಳಲ್ಲಿ ಪ್ರೊಡಕ್ಷನ್ ಡಿಸೈನರ್ ಒಟ್ಟು ಕಲ್ಪನೆಗೆ ಹೊಣೆ, ಅವರ ಕೆಳಗೆ ಕಲಾ ನಿರ್ದೇಶಕರು, ಸಹಾಯಕರು, ನಕಾಶೆ ಬರೆಯುವವರು, ಬಡಗಿಗಳು, ಮೋಲ್ಡಿಂಗ್‌ನವರು, ಪೇಂಟರ್‌ಗಳು, ಪ್ರಾಪರ್ಟಿ ನೋಡುವವರು.

ಕೆಲಸ ಶುರುವಾಗುವುದು ಮರ ಕೊಯ್ಯುವುದರಿಂದಲ್ಲ, ಓದುವುದರಿಂದ. ಚಿತ್ರಕಥೆಯನ್ನು ಒಂದೊಂದೇ ದೃಶ್ಯವಾಗಿ ಬಿಡಿಸಿ ಎಲ್ಲಿ, ಯಾವ ಕಾಲ, ಹಗಲೋ ರಾತ್ರಿಯೋ, ಯಾರ ಮನೆ, ಏನೇನು ವಸ್ತು ಎಂದು ಪಟ್ಟಿ ಮಾಡಬೇಕು. ಯಾವುದನ್ನು ಕಟ್ಟುವುದು, ಯಾವುದನ್ನು ಇದ್ದ ಜಾಗದಲ್ಲೇ ತಿದ್ದುವುದು, ಯಾವುದನ್ನು ಗ್ರಾಫಿಕ್ಸ್‌ಗೆ ಬಿಡುವುದು ಎಂದು ನಿರ್ದೇಶಕ ಮತ್ತು ಛಾಯಾಗ್ರಾಹಕರ ಜೊತೆ ಕೂತು ತೀರ್ಮಾನಿಸಬೇಕು. ಆಮೇಲೆ ಲೊಕೇಶನ್ ನೋಡುವುದು, ಸ್ಕೆಚ್, ಅಳತೆ, ಮಾದರಿ, ಖರ್ಚಿನ ಅಂದಾಜು. ಶೂಟಿಂಗ್ ನಡೆಯುವಾಗ ಕಂಟಿನ್ಯುಟಿ: ನಿನ್ನೆ ಅರ್ಧ ತುಂಬಿದ್ದ ತಂಬಿಗೆ ಇಂದೂ ಅಷ್ಟೇ ತುಂಬಿರಬೇಕು. ಶೂಟಿಂಗ್ ಮುಗಿದ ಮೇಲೆ ಬಿಚ್ಚುವುದು, ಬಾಡಿಗೆ ಸಾಮಾನು ಲೆಕ್ಕ ಹಾಕಿ ಹಿಂತಿರುಗಿಸುವುದು. ಕಲಾವಿದನ ಕಣ್ಣು, ಗುತ್ತಿಗೆದಾರನ ಲೆಕ್ಕ, ಪೊಲೀಸ್ ಪಾಟೀಲನ ಗದರಿಕೆ ಮೂರೂ ಒಬ್ಬರಲ್ಲೇ ಇರಬೇಕಾದ ಉದ್ಯೋಗವಿದು.

ಕೊಲ್ಲಾಪುರದ ಮೂಲ

ನಮ್ಮ ಸೀಮೆಗೆ ಈ ಕಸುಬು ದೂರದ್ದೆಂದು ತಿಳಿಯುವುದು ತಪ್ಪು. ಇದರ ಮೂಲ ಇರುವುದು ಮೀರಜ್ ದಾಟಿದರೆ ಸಿಗುವ ಕೊಲ್ಲಾಪುರದಲ್ಲಿ. ಬಾಬುರಾವ್ ಕೃಷ್ಣರಾವ್ ಮೇಸ್ತ್ರಿ 1890ರಲ್ಲಿ ಅಲ್ಲಿ ಹುಟ್ಟಿದರು. ಕುಲಕಸುಬಿನ ಕೈಚಳಕ ಮನೆಯಲ್ಲೇ ಇತ್ತು. ಚಿತ್ರ ಬರೆಯುವುದನ್ನು, ಶಿಲ್ಪ ಕಡೆಯುವುದನ್ನು ತಾವೇ ಕಲಿತರು. ಸಂಬಂಧಿ ಆನಂದರಾವ್ ಜೊತೆ ಸೇರಿ ಮರಾಠಿ ನಾಟಕ ಕಂಪನಿಗಳಿಗೆ ಪರದೆ ಬರೆದುಕೊಟ್ಟು ಇಬ್ಬರೂ ‘ಪೇಂಟರ್’ ಎಂದೇ ಹೆಸರಾದರು. ಬಾಬುರಾವ್ ಪೇಂಟರ್ ಮಹಾರಾಷ್ಟ್ರ ಫಿಲ್ಮ್ ಕಂಪನಿ ಕಟ್ಟಿ 1920ರಲ್ಲಿ ‘ಸೈರಂಧ್ರಿ’ ತೆಗೆದರು. ನಾಟಕದ ಪರದೆ ಬರೆದೇ ಹೆಸರು ಮಾಡಿದ ಅವರು ಸಿನಿಮಾದಲ್ಲಿ ಪರದೆಯನ್ನು ಬಿಟ್ಟು ಉದ್ದ, ಅಗಲ, ಆಳ ಮೂರೂ ಇರುವ ಸೆಟ್ಟು ಕಟ್ಟಿಸಿದರು. ಕ್ಯಾಮೆರಾಕ್ಕೆ ಬಟ್ಟೆಯ ಮೇಲಿನ ಬಾಗಿಲು ಸಾಲದು, ತೆರೆಯುವ ಬಾಗಿಲೇ ಬೇಕು ಎಂಬುದು ಅವರಿಗೆ ಹೊಳೆದಿತ್ತು.

ಅವರ ಗರಡಿಯಲ್ಲಿ ಪಳಗಿದವರು ವಿ. ಶಾಂತಾರಾಮ್, ದಾಮ್ಲೆ, ಫತ್ತೇಲಾಲ್. ಇವರೇ ಮುಂದೆ ನಿಂತು 1929ರಲ್ಲಿ ಕೊಲ್ಲಾಪುರದಲ್ಲಿ ಪ್ರಭಾತ್ ಫಿಲ್ಮ್ ಕಂಪನಿ ಕಟ್ಟಿದರು. 1933ರಲ್ಲಿ ಅದು ಪುಣೆಗೆ ಹೋಯಿತು. ಪ್ರಭಾತ್‌ನ ಆ ಸ್ಟುಡಿಯೋ ಜಾಗದಲ್ಲೇ 1960ರಲ್ಲಿ ಈಗಿನ ಎಫ್‌ಟಿಐಐ (ಭಾರತೀಯ ಚಲನಚಿತ್ರ ಮತ್ತು ದೂರದರ್ಶನ ಸಂಸ್ಥೆ) ಶುರುವಾಯಿತು. ಕಾಸರವಳ್ಳಿ ಕಲಿತದ್ದೂ ಅಲ್ಲೇ.

ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ ಕೂಡ ತಯಾರಾದದ್ದು ಬೆಂಗಳೂರಿನಲ್ಲಲ್ಲ, ಕೊಲ್ಲಾಪುರದ ಛತ್ರಪತಿ ಸ್ಟುಡಿಯೋದಲ್ಲಿ. ವೈ.ವಿ. ರಾವ್ ನಿರ್ದೇಶಿಸಿದ, ಸುಬ್ಬಯ್ಯ ನಾಯ್ಡು, ನಾಗೇಂದ್ರರಾಯರು, ತ್ರಿಪುರಾಂಬಾ ನಟಿಸಿದ ಆ ಚಿತ್ರ 1934ರ ಮಾರ್ಚ್ 3ರಂದು ತೆರೆ ಕಂಡಿತು. ಕನ್ನಡ ಮಾತಾಡಿದ ಮೊದಲ ರಾವಣನ ಲಂಕೆ ನಿಂತದ್ದು ಕೊಲ್ಲಾಪುರದ ನೆಲದಲ್ಲಿ ಎಂದಾಯಿತು. ಆ ಲಂಕೆ ಹೇಗಿತ್ತೋ ಹೇಳುವಂತಿಲ್ಲ, ಚಿತ್ರದ ಒಂದು ಪ್ರತಿಯೂ ಉಳಿದಿಲ್ಲ. ಕಟ್ಟಿದ್ದನ್ನು ದಾಖಲಿಸಿ ಇಡದ ನಮ್ಮ ಚಾಳಿ ಮೊದಲ ಚಿತ್ರದಿಂದಲೇ ಆರಂಭವಾಯಿತು.

ಅದೇ ಕಾಲಕ್ಕೆ ಬೀಳಗಿಯಿಂದ ಹೊರಟ ಅಮೀರಬಾಯಿ ಕರ್ನಾಟಕಿ ಮುಂಬೈ ಸಿನಿಮಾದಲ್ಲಿ ಹಾಡಿ ನಟಿಸಿ ದೇಶಕ್ಕೆಲ್ಲ ಹೆಸರಾದರು. 1943ರ ‘ಕಿಸ್ಮತ್’ ಹಾಡುಗಳಲ್ಲಿ ಅವರ ದನಿ ಇದೆ. ಅಕ್ಕ ಗೋಹರಬಾಯಿ ಬಾಲಗಂಧರ್ವರ ಜೊತೆ ರಂಗದಲ್ಲಿ ಬೆಳಗಿದರು. ನಮ್ಮ ಸೀಮೆಗೆ ಸಿನಿಮಾ, ನಾಟಕ ಪರದೇಶದ ಮಾತಾಗಿರಲಿಲ್ಲ. ಕಂಪನಿ ನಾಟಕ ಊರಿಗೆ ಬಂದರೆ ರಸ್ತೆ ಪರದೆ, ಕಾಡಿನ ಪರದೆ, ದರ್ಬಾರ್ ಪರದೆ ಎಂದು ಬರೆದ ಬಟ್ಟೆಗಳ ಕಟ್ಟು ಗಾಡಿಯಲ್ಲಿ ಬರುತ್ತಿತ್ತು. ಸೀನು ಬಿದ್ದು ಏಳುವುದರಲ್ಲಿ ಅರಮನೆ ಅಡವಿಯಾಗುತ್ತಿತ್ತು. ಆ ಪರದೆ ಬರೆದವರಲ್ಲಿ ಯಾರೊಬ್ಬರ ಹೆಸರನ್ನೂ ನಾವು ಬರೆದಿಟ್ಟುಕೊಳ್ಳಲಿಲ್ಲ.

ಸ್ಟುಡಿಯೋ ಕಾಲ, ಒಂದು ಬೆಂಕಿ

ಸ್ವಾತಂತ್ರ್ಯದ ನಂತರ ಕನ್ನಡ ಸಿನಿಮಾ ಮದ್ರಾಸಿನ ಫ್ಲೋರುಗಳನ್ನು ಆಶ್ರಯಿಸಿತು. ಮೈಸೂರಿನಲ್ಲಿ ಪ್ರೀಮಿಯರ್ ಸ್ಟುಡಿಯೋ, ಬೆಂಗಳೂರಿನಲ್ಲಿ ಚಾಮುಂಡೇಶ್ವರಿ, ಕಂಠೀರವ, ಅಭಿಮಾನ್ ಸ್ಟುಡಿಯೋಗಳು ಬಂದ ಮೇಲೂ ಮದ್ರಾಸಿನ ಹಿಡಿತ ಬೇಗ ಸಡಿಲಲಿಲ್ಲ. ‘ರಣಧೀರ ಕಂಠೀರವ’, ‘ಕಿತ್ತೂರು ಚೆನ್ನಮ್ಮ’, ‘ಇಮ್ಮಡಿ ಪುಲಿಕೇಶಿ’, ‘ಮಯೂರ’ದಂಥ ಚಿತ್ರಗಳ ಅರಮನೆಗೆ ಒಂದು ಸಿದ್ಧ ಅಚ್ಚು ಇತ್ತು: ದಪ್ಪ ಕಂಬ, ಎತ್ತರದ ಸಿಂಹಾಸನ, ಇಳಿದು ಬರಲು ಮೆಟ್ಟಿಲು. ರಾಜ ಕದಂಬನೋ ಚಾಲುಕ್ಯನೋ ಒಡೆಯರೋ ಎನ್ನುವುದಕ್ಕಿಂತ ರಾಜ ಎನ್ನುವುದಷ್ಟೇ ಮುಖ್ಯವಾಗಿತ್ತು. ಬಾದಾಮಿಯ ಗುಹೆ, ಪಟ್ಟದಕಲ್ಲಿನ ಗುಡಿ ನೂರು ಮೈಲಿಯೊಳಗೇ ಇರುವ ನಮಗೆ ಅದು ಚಾಲುಕ್ಯರ ಮನೆಯೆಂದು ಅನ್ನಿಸದೆ ಇದ್ದರೆ ಆಶ್ಚರ್ಯವಿಲ್ಲ. ಆದರೂ ಕಡಿಮೆ ದುಡ್ಡು, ಕಡಿಮೆ ದಿನದಲ್ಲಿ ಪ್ಲೈವುಡ್, ಗೋಣಿ, ಪ್ಲಾಸ್ಟರ್ ಹಾಕಿ ಸಾಮ್ರಾಜ್ಯ ಎಬ್ಬಿಸಿದ ಆ ತಂಡಗಳ ಕಸುಬುದಾರಿಕೆಯನ್ನು ಹಗುರವಾಗಿ ನೋಡುವಂತಿಲ್ಲ.

ಆ ಕಾಲದ ಕೊನೆಗೆ ಒಂದು ಘೋರ ಪಾಠವೂ ಬಂತು. 1989ರ ಫೆಬ್ರವರಿ 8ರಂದು ಪ್ರೀಮಿಯರ್ ಸ್ಟುಡಿಯೋದಲ್ಲಿ ‘ದ ಸೋರ್ಡ್ ಆಫ್ ಟಿಪ್ಪು ಸುಲ್ತಾನ್’ ಧಾರಾವಾಹಿಯ ಚಿತ್ರೀಕರಣದ ವೇಳೆ ಬೆಂಕಿ ಹೊತ್ತಿತು. ಅರವತ್ತಕ್ಕೂ ಹೆಚ್ಚು ಜನ ಸತ್ತರು. ಸೆಟ್ಟು ಎಂದರೆ ಬಟ್ಟೆ, ಮರ, ಬಣ್ಣ, ಗೋಣಿ, ಬಿಸಿ ದೀಪ ಒಂದೇ ಸೂರಿನಡಿ ಸೇರಿದ ಜಾಗ. ಹೊರಹೋಗುವ ದಾರಿ, ವೈರಿಂಗು, ನೀರು ಇವು ಸೆಟ್ಟಿನ ನಕಾಶೆಯ ಭಾಗವೇ ಹೊರತು ಬೇರೆ ಯಾರದೋ ತಲೆನೋವಲ್ಲ. ಕಲಾ ವಿಭಾಗಕ್ಕೆ ಸೇರುವ ಹೊಸಬರು ಮೊದಲ ದಿನ ಕಲಿಯಬೇಕಾದ ಚರಿತ್ರೆ ಇದು.

ಚಿತ್ರಕಾರರು ಬಂದರು

1970ರ ‘ಸಂಸ್ಕಾರ’ ಬೇರೆ ಬಾಗಿಲು ತೆರೆಯಿತು. ಅದರ ಕಲಾ ನಿರ್ದೇಶಕರು ಮದ್ರಾಸ್ ಬಳಿಯ ಚೋಳಮಂಡಲ ಕಲಾಗ್ರಾಮದ ಚಿತ್ರಕಾರ ಎಸ್.ಜಿ. ವಾಸುದೇವ್. ಶೃಂಗೇರಿ ಬಳಿಯ ವೈಕುಂಠಪುರ ಎಂಬ ನಿಜವಾದ ಅಗ್ರಹಾರದಲ್ಲಿ ಚಿತ್ರೀಕರಣ ನಡೆಯಿತು. ಅಲ್ಲಿ ಕಟ್ಟುವುದಕ್ಕಿಂತ ತೆಗೆಯುವುದು, ಆಯುವುದು ಮುಖ್ಯವಾಯಿತು: ಯಾವ ಜಗಲಿ ಕಾಣಬೇಕು, ಯಾವ ವಸ್ತು ಚೌಕಟ್ಟಿನಿಂದ ಹೊರಗಿರಬೇಕು. ಸೆಟ್ಟು ಹಾಕದೆಯೂ ಕಲಾ ನಿರ್ದೇಶನ ಇರುತ್ತದೆ ಎಂಬ ತಿಳಿವಳಿಕೆ ಕನ್ನಡಕ್ಕೆ ಬಂದದ್ದು ಈ ಅಲೆಯಲ್ಲಿ.

ಮದ್ರಾಸಿನ ಕಲಾಶಾಲೆಯಿಂದ ಬಂದ ಪಿ. ಕೃಷ್ಣಮೂರ್ತಿ ಜಿ.ವಿ. ಅಯ್ಯರ್ ಅವರ ‘ಹಂಸಗೀತೆ’ಯಿಂದ (1975) ಸಿನಿಮಾಕ್ಕೆ ಕಾಲಿಟ್ಟರು. ಅಯ್ಯರ್ ಅವರದೇ ‘ಮಧ್ವಾಚಾರ್ಯ’ ಚಿತ್ರಕ್ಕೆ ಅವರಿಗೆ ರಾಷ್ಟ್ರ ಪ್ರಶಸ್ತಿ ಬಂತು. ದರ್ಬಾರಿನ ಝಗಮಗ ಬಿಟ್ಟು ಕಲ್ಲು, ಮರ, ಹತ್ತಿಬಟ್ಟೆ, ದೀಪದ ಬೆಳಕಿನಲ್ಲೇ ಹಳೆಯ ಕಾಲವನ್ನು ತೋರಿಸಬಹುದು ಎಂದು ಆ ಚಿತ್ರಗಳು ಸಾಧಿಸಿದವು. ಶಂಕರ್‌ನಾಗ್ ‘ಮಾಲ್ಗುಡಿ ಡೇಸ್’ ತೆಗೆದಾಗ ಇಲ್ಲದ ಊರೊಂದನ್ನು ಆಗುಂಬೆಯ ಬೀದಿಯಲ್ಲಿ ಇರುವಂತೆ ಮಾಡಿದ್ದು ಶಿಲ್ಪಿ ಜಾನ್ ದೇವರಾಜ್. ಧಾರಾವಾಹಿಯಲ್ಲಿ ಮಾಲ್ಗುಡಿ ನಿಲ್ದಾಣವಾಗಿ ಕಂಡ ಅರಸಾಳು ನಿಲ್ದಾಣದಲ್ಲಿ 2020ರಲ್ಲಿ ‘ಮಾಲ್ಗುಡಿ’ ಸಂಗ್ರಹಾಲಯ ಆಯಿತು. ಸೆಟ್ಟಿನ ನೆನಪಿಗೆ ಸರ್ಕಾರಿ ಕಟ್ಟಡ ಮೀಸಲಾದ ಇಂಥ ಉದಾಹರಣೆ ನಮ್ಮಲ್ಲಿ ಅಪರೂಪ.

ರಂಗಭೂಮಿಯಿಂದ ಬಂದವರ ಸಾಲು ಇನ್ನೂ ಉದ್ದ. ಶಶಿಧರ ಅಡಪ ನಾಟಕದ ರಂಗಸಜ್ಜಿಕೆ, ಸಿನಿಮಾ, ಗಣರಾಜ್ಯೋತ್ಸವದ ಕರ್ನಾಟಕ ಸ್ತಬ್ಧಚಿತ್ರ ಎಲ್ಲದರಲ್ಲೂ ಕೈಯಾಡಿಸಿದವರು. ಅರುಣ್ ಸಾಗರ್ ರಂಗದಿಂದ ಬಂದು ಕಲಾ ನಿರ್ದೇಶನ, ನಟನೆ ಎರಡನ್ನೂ ನಡೆಸಿದರು. ದಿನೇಶ್ ಮಂಗಳೂರು ಕೂಡ ಕಲಾ ವಿಭಾಗದಲ್ಲಿ ದುಡಿದು ಪರದೆಯ ಮುಂದೆ ಬಂದರು. ಹೀಗೆ ಎರಡು ದೋಣಿಯಲ್ಲಿ ಕಾಲಿಡುವುದು ನಮ್ಮಲ್ಲಿ ಹವ್ಯಾಸವಷ್ಟೇ ಅಲ್ಲ, ಹಲವರಿಗೆ ಅನಿವಾರ್ಯವೂ ಹೌದು.

ವಾಡೆಯ ಒಳಗೆ

ಮತ್ತೆ ‘ತಾಯಿ ಸಾಹೇಬ’ಕ್ಕೆ ಬರೋಣ. ಕಥೆ ಸ್ವಾತಂತ್ರ್ಯಪೂರ್ವದಿಂದ ಆರಂಭವಾಗಿ ಸ್ವಾತಂತ್ರ್ಯಾನಂತರದ ದಶಕಗಳವರೆಗೆ ಚಾಚುತ್ತದೆ. ಸಂಸ್ಥಾನಗಳು 1948ರಲ್ಲಿ ವಿಲೀನವಾದವು, ಭೂಸುಧಾರಣೆ ಬಂತು, ಒಡೆತನ ಕರಗಿತು. ಮನೆ ಅದೇ, ಮನೆಯ ಅಧಿಕಾರ ಮಾತ್ರ ಇಳಿಯುತ್ತ ಹೋಗುತ್ತದೆ. ಕಲಾ ನಿರ್ದೇಶಕನಿಗೆ ಇದಕ್ಕಿಂತ ಕಠಿಣ ಪರೀಕ್ಷೆ ಬೇಡ. ಹೊಸ ಸೆಟ್ಟು ಹಾಕಿ ಕಾಲ ಬದಲಾಯಿತೆಂದು ತೋರಿಸುವುದು ಸುಲಭ. ಅದೇ ಗೋಡೆಯ ಮೇಲೆ ಕಾಲ ಸರಿಯಿತೆಂದು ತೋರಿಸುವುದಕ್ಕೆ ಬದುಕು ಗೊತ್ತಿರಬೇಕು.

ನಮ್ಮ ಕಡೆಯ ಒಂದು ಹಳೆಯ ಮನೆಯನ್ನು ನೋಡಿ. ತಲಬಾಗಿಲು ದಾಟಿದರೆ ಕಟ್ಟೆ, ಪಡಸಾಲೆ, ನಡುಮನೆ, ದೇವರ ಖೋಲಿ, ಅಡಿಗೆಮನೆ. ಮೇಲೆ ಜಂತಿ, ಅದರ ಮೇಲೆ ಹಾಳಮಣ್ಣಿನ ಮೇಲ್ಮುದ್ದೆ, ನಡುವೆ ಬೆಳಕಿಂಡಿ. ಬೆಳಕು ಪಕ್ಕದಿಂದ ಬರುವುದಿಲ್ಲ, ಮೇಲಿಂದ ಕೋಲಿನಂತೆ ಇಳಿಯುತ್ತದೆ, ಗಂಟೆಗೊಂದು ಜಾಗ ಬದಲಿಸುತ್ತದೆ. ದೀಪದ ಮಾಡದ ಮೇಲ್ಗಡೆ ಕಾಡಿಗೆ ಕಟ್ಟಿರುತ್ತದೆ. ಪಡಸಾಲೆಯ ಕಂಬಕ್ಕೆ ತಲೆ ಒರಗಿಸಿ ಕೂತವರ ಎಣ್ಣೆ ಒಂದೇ ಎತ್ತರಕ್ಕೆ ಹತ್ತಿ ಅಲ್ಲಿ ಮರ ಹೊಳೆಯುತ್ತದೆ. ಸುಣ್ಣದ ಮೇಲೆ ಸುಣ್ಣ ಬಿದ್ದು ಮೂಲೆಗಳ ಚೂಪು ಹೋಗಿರುತ್ತದೆ. ಗಂಡಸರು ಕೂಡುವ ಜಾಗದ ನೆಲ ಸವೆದಿರುವ ರೀತಿ ಬೇರೆ, ಒಲೆಯ ಮುಂದಿನ ನೆಲ ಸವೆದಿರುವ ರೀತಿ ಬೇರೆ. ಒಳ್ಳೆಯ ಸೆಟ್ ಪೇಂಟರ್ ಗೋಡೆಗೆ ಬಣ್ಣ ಬಳಿದ ಮೇಲೆ ಅರ್ಧ ಕೆಲಸ ಮುಗಿಯಿತೆಂದು ತಿಳಿಯುತ್ತಾನೆ. ಉಳಿದರ್ಧ ಆ ಬಣ್ಣವನ್ನು ಹಳೆಯದು ಮಾಡುವುದು: ತೆಳು ಬಣ್ಣದ ನೀರು ಹರಿಸಿ, ಬಟ್ಟೆಯಿಂದ ಒರೆಸಿ, ಕೈ ತಾಗುವ ಕಡೆ ಮಾತ್ರ ಕೊಳೆ ಏರಿಸಿ. ಎಲ್ಲಾ ಕಡೆ ಒಂದೇ ಸಮ ಕೊಳೆ ಹಚ್ಚಿದರೆ ಅದು ಹಳೆಯ ಮನೆಯಲ್ಲ, ಕೊಳಕು ಮಾಡಿದ ಹೊಸ ಮನೆ.

ಇಂಥ ಸೂಕ್ಷ್ಮಕ್ಕೆ ಭಾರತೀಯ ಸಿನಿಮಾದಲ್ಲಿ ಹಿರಿಯ ಮಾದರಿ ಬನ್ಸಿ ಚಂದ್ರಗುಪ್ತ. ಸತ್ಯಜಿತ್ ರಾಯ್ ಅವರ ‘ಅಪರಾಜಿತೊ’ (1956) ಚಿತ್ರಕ್ಕಾಗಿ ಅವರು ಬನಾರಸಿನ ಮನೆಯ ಅಂಗಳವನ್ನು ಕಲ್ಕತ್ತೆಯ ಸ್ಟುಡಿಯೋದೊಳಗೆ ಕಟ್ಟಿದರು. ಛಾಯಾಗ್ರಾಹಕ ಸುಬ್ರತ ಮಿತ್ರ ಮೇಲೆ ಬಿಳಿ ಬಟ್ಟೆ ಬಿಗಿದು, ದೀಪದ ಬೆಳಕನ್ನು ಅದಕ್ಕೆ ತಾಗಿಸಿ ಕೆಳಗಿಳಿಸಿದರು. ಆಕಾಶದಿಂದ ಬಂದಂತಿದ್ದ ಆ ಬೆಳಕು ಕಂಡವರು ಸೆಟ್ಟು ಎಂದು ನಂಬಲಿಲ್ಲ. ಬೆಳಕಿಂಡಿಯ ಮನೆಗಳಲ್ಲಿ ಬೆಳೆದ ನಮ್ಮವರಿಗೆ ಆ ಬೆಳಕಿನ ಗುಣವನ್ನು ಯಾರೂ ಹೇಳಿಕೊಡಬೇಕಿಲ್ಲ.

ಇನ್ನು ನಾಳೆ ಯಾರಾದರೂ ಬನಹಟ್ಟಿಯ ನೇಕಾರರ ಬದುಕಿನ ಮೇಲೆ ಚಿತ್ರ ಮಾಡುತ್ತಾರೆ ಎನ್ನಿ. ಮನೆಯ ದೊಡ್ಡ ಅಂಕಣ ಮನುಷ್ಯರಿಗಲ್ಲ, ಮಗ್ಗಕ್ಕೆ ಎಂಬುದು ಮೊದಲು ಗೊತ್ತಿರಬೇಕು. ಕುಣಿಮಗ್ಗದಲ್ಲಿ ನೇಯುವವ ನೆಲಮಟ್ಟದಲ್ಲಿ ಕೂತು ಕಾಲನ್ನು ಕುಣಿಯೊಳಗೆ ಇಳಿಬಿಟ್ಟಿರುತ್ತಾನೆ, ಅವನ ಮುಖ ನೋಡಲು ಕ್ಯಾಮೆರಾವೂ ನೆಲಕ್ಕೆ ಇಳಿಯಬೇಕು. ವಿದ್ಯುತ್ ಮಗ್ಗವಾದರೆ ಮಾತೇ ಕೇಳದಷ್ಟು ಸದ್ದು, ಆ ಮನೆಯವರು ಸನ್ನೆಯಲ್ಲಿ ಮಾತಾಡುತ್ತಾರೆ ಅಥವಾ ಕಿವಿಯ ಹತ್ತಿರ ಬಂದು ಕೂಗುತ್ತಾರೆ. ಜೇಡರ ಬಲೆಗೂ ಹತ್ತಿಯ ಧೂಳು ಕೂತು ಅದು ದಪ್ಪ ದಾರದಂತೆ ಕಾಣುತ್ತದೆ. ಯಾವ ಮಗ್ಗ ಎಂದು ಕಲಾ ನಿರ್ದೇಶಕ ಆರಿಸಿದ ಕೂಡಲೇ ನಟನೆ, ಕ್ಯಾಮೆರಾ, ಶಬ್ದ ಮೂರೂ ಬದಲಾದವು. ಈ ಉದ್ಯೋಗದ ತೂಕ ಇರುವುದು ಇಲ್ಲಿ. ಅದು ಅಲಂಕಾರವಲ್ಲ, ಕಥೆಯ ಕಾಲು.

ದೊಡ್ಡ ಸೆಟ್ಟುಗಳ ಕಾಲ

ಕಳೆದ ಹತ್ತು ವರ್ಷದಲ್ಲಿ ಚಿತ್ರಣ ಬದಲಾಗಿದೆ. 2018ರ ಡಿಸೆಂಬರಿನಲ್ಲಿ ಬಂದ ‘ಕೆಜಿಎಫ್’ ಮೊದಲ ಭಾಗಕ್ಕೆ ಕಲಾ ನಿರ್ದೇಶಕ ಶಿವಕುಮಾರ್ ಕೋಲಾರದ ಸೈನೈಡ್ ಗುಡ್ಡದ ಮೇಲೆಯೇ ಗಣಿಲೋಕ ಎಬ್ಬಿಸಿದರು. ಗಣಿಗಾರಿಕೆ 2001ರಲ್ಲಿ ನಿಂತ ಮೇಲೆ ಉಳಿದ ತ್ಯಾಜ್ಯದ ದಿಬ್ಬಗಳವು. ಕಪ್ಪು, ಧೂಳು, ಬೆವರು ಬಿಟ್ಟು ಬೇರೆ ಬಣ್ಣ ಇಲ್ಲದ ಆ ಲೋಕ ಚಿತ್ರದ ಗೆಲುವಿನ ದೊಡ್ಡ ಪಾಲು. ಆಮೇಲೆ ಅವರು ‘ವಿಕ್ರಾಂತ್ ರೋಣ’, ತೆಲುಗಿನ ‘ಸಲಾರ್’ ಚಿತ್ರಗಳನ್ನೂ ಮಾಡಿದರು. ‘ಅವನೇ ಶ್ರೀಮನ್ನಾರಾಯಣ’ (2019) ಚಿತ್ರದ ಅಮರಾವತಿ ಎಂಬ ಕಲ್ಪಿತ ಊರನ್ನು ಉಲ್ಲಾಸ್ ಹೈದೂರ್ ರೂಪಿಸಿದರು. 2022ರ ‘ಕಾಂತಾರ’ಕ್ಕೆ ಧರಣಿ ಗಂಗೆಪುತ್ರ ಕುಂದಾಪುರದ ಕೆರಾಡಿಯ ಕಾಡಿನಂಚಿನಲ್ಲಿ ಊರು ಕಟ್ಟಿದರು. ಕರಾವಳಿಯ ಕಲಾವಿದರು ತಮ್ಮ ಮನೆ, ದೈವದ ಗುಡಿ, ಕಂಬಳದ ಗದ್ದೆಯನ್ನು ತಾವೇ ಕಟ್ಟಿ ತೋರಿಸಿದ್ದರಿಂದ ದೇಶ ಅದನ್ನು ನಂಬಿತು.

ಇಲ್ಲಿ ಒಂದು ಮಾತು ನಮಗೆ ಚುಚ್ಚಬೇಕು. ಕರಾವಳಿಗೆ, ಮಲೆನಾಡಿಗೆ, ಕೋಲಾರಕ್ಕೆ ಸಿನಿಮಾದಲ್ಲಿ ಒಂದು ಮುಖ ಸಿಕ್ಕಿದೆ. ಕೃಷ್ಣಾ ತೀರಕ್ಕೆ ಸಿಕ್ಕಿಲ್ಲ. ಉತ್ತರ ಕರ್ನಾಟಕ ಎಂದ ಕೂಡಲೇ ಒಂದು ಪಟಗಾ, ಒಂದು ರೊಟ್ಟಿ, ಒಂದು ಬೈಗುಳ ಇಟ್ಟು ಮುಗಿಸುವ ರೂಢಿ ಇನ್ನೂ ಇದೆ. ‘ತಾಯಿ ಸಾಹೇಬ’, ನಾಗಾಭರಣರ ‘ಸಂತ ಶಿಶುನಾಳ ಶರೀಫ’, ‘ಸಿಂಗಾರೆವ್ವ’ ಇಂಥ ಕೆಲವನ್ನು ಬಿಟ್ಟರೆ ಈ ನೆಲದ ಮನೆ, ಬೀದಿ, ಸಂತೆಗಳು ಪರದೆಯ ಮೇಲೆ ಅವುಗಳ ಗೌರವದೊಂದಿಗೆ ಬಂ‍ದದ್ದು ಕಡಿಮೆ. ಇದು ನಿರ್ದೇಶಕರ ಕೊರತೆ ಮಾತ್ರವಲ್ಲ. ಇಲ್ಲಿಂದ ಹೋದ ಕಲಾ ನಿರ್ದೇಶಕರ ಕೊರತೆ ಕೂಡ.

ತಂತ್ರಜ್ಞಾನವೂ ಮುಂದೆ ನಿಂತಿದೆ. ಈಗ ಅರ್ಧ ಅರಮನೆ ಕಟ್ಟಿ ಉಳಿದರ್ಧವನ್ನು ಗ್ರಾಫಿಕ್ಸ್‌ನಲ್ಲಿ ಸೇರಿಸುತ್ತಾರೆ. ದೊಡ್ಡ ಎಲ್‌ಇಡಿ ಗೋಡೆಯ ಮೇಲೆ ಊರನ್ನೇ ಮೂಡಿಸುತ್ತಾರೆ. ಕೃತಕ ಬುದ್ಧಿಮತ್ತೆ ನಿಮಿಷದಲ್ಲಿ ಸ್ಕೆಚ್ ಕೊಡುತ್ತದೆ. ಕಸುಬು ಹೋಯಿತೆ? ಹೋಗಲಿಲ್ಲ, ಒಂದು ತುದಿ ಕಂಪ್ಯೂಟರಿಗೆ ಸರಿಯಿತು. ನಟ ಮುಟ್ಟುವ ಬಾಗಿಲು, ಕೂಡುವ ಹೊರಸು, ಕುಡಿಯುವ ತಂಬಿಗೆ ಇನ್ನೂ ಕೈಯಲ್ಲೇ ಆಗಬೇಕು. ಯಂತ್ರ ಕೊಡುವ ‘ಭಾರತೀಯ ಹಳ್ಳಿ’ ಎಲ್ಲಿಯದೂ ಅಲ್ಲದ ಹಳ್ಳಿಯಾಗಿರುತ್ತದೆ. ತೇರದಾಳದ ಓಣಿಗೂ ತಂಜಾವೂರಿನ ಓಣಿಗೂ ವ್ಯತ್ಯಾಸ ಹೇಳಬಲ್ಲ ಮನುಷ್ಯನ ಬೆಲೆ ಇದರಿಂದ ಏರುತ್ತದೆಯೇ ಹೊರತು ಇಳಿಯುವುದಿಲ್ಲ.

ಹೊಟ್ಟೆಪಾಡಿನ ಲೆಕ್ಕ

ಈ ಉದ್ಯೋಗದಲ್ಲಿ ದುಡ್ಡು ಬರುವುದು ಎರಡು ರೀತಿ. ಒಂದು, ಕಲಾ ನಿರ್ದೇಶಕರಿಗೆ ಸಂಭಾವನೆ, ಸಾಮಾನು ಕೂಲಿ ನಿರ್ಮಾಪಕರದು. ಇನ್ನೊಂದು ಪ್ಯಾಕೇಜು: ಇಡೀ ಸೆಟ್ಟಿಗೆ ಇಷ್ಟು ಎಂದು ಮಾತಾಗಿ, ಮರ, ಬಣ್ಣ, ಕೂಲಿ ಎಲ್ಲವೂ ಕಲಾ ನಿರ್ದೇಶಕರ ಮೈಮೇಲೆ. ಎರಡನೆಯದರಲ್ಲಿ ಲಾಭವೂ ಇದೆ, ಮುಳುಗುವ ಭಯವೂ ಇದೆ. ಮಳೆ ಬಂದು ಸೆಟ್ಟು ಕೆಟ್ಟರೆ, ಶೂಟಿಂಗ್ ಮುಂದೆ ಹೋದರೆ, ಚಿತ್ರ ಅರ್ಧಕ್ಕೆ ನಿಂತರೆ ಬಡಗಿಯ ದಿನಗೂಲಿಗೆ ಉತ್ತರ ಹೇಳಬೇಕಾದವರು ಇವರೇ. ಕೊನೆಯ ಕಂತು ಕೈಗೆ ಬರುವುದು ಚಿತ್ರ ಬಿಡುಗಡೆಯಾದ ಮೇಲೋ, ಬರುವುದೇ ಇಲ್ಲವೋ ಎಂಬ ದೂರು ಈ ವಲಯದಲ್ಲಿ ಹಳೆಯದು.

ಎತ್ತರಕ್ಕೆ ಹೋದವರಿಗೂ ನೆಲ ಗಟ್ಟಿಯಲ್ಲ. ‘ಲಗಾನ್’, ‘ದೇವದಾಸ್’ ಸೇರಿ ನಾಲ್ಕು ಸಲ ರಾಷ್ಟ್ರ ಪ್ರಶಸ್ತಿ ಪಡೆದ ನಿತಿನ್ ಚಂದ್ರಕಾಂತ ದೇಸಾಯಿ ಕರ್ಜತ್‌ನಲ್ಲಿ ತಮ್ಮದೇ ಸ್ಟುಡಿಯೋ ಕಟ್ಟಿದ್ದರು. ಸಾಲದ ಹೊರೆಯ ನಡುವೆ 2023ರ ಆಗಸ್ಟಿನಲ್ಲಿ ಅದೇ ಸ್ಟುಡಿಯೋದಲ್ಲಿ ಅವರ ಬದುಕು ಮುಗಿಯಿತು. ಅವರ ಕಥೆಯನ್ನು ಎಲ್ಲರಿಗೂ ಅನ್ವಯಿಸುವುದು ಸಲ್ಲದು, ಆದರೆ ಪ್ರತಿಭೆಗೂ ಹಣಕಾಸಿನ ಭದ್ರತೆಗೂ ಇಲ್ಲಿ ನಂಟು ಕಡಿಮೆ ಎಂಬುದು ಅದರಿಂದ ತಿಳಿಯುತ್ತದೆ.

ಸಿನಿಮಾ ಮತ್ತು ಸಾಂಸ್ಕೃತಿಕ ಕಾರ್ಯಕರ್ತರ ಕ್ಷೇಮಾಭಿವೃದ್ಧಿಗೆಂದು ಕರ್ನಾಟಕ 2024ರಲ್ಲಿ ಕಾಯ್ದೆ ಮಾಡಿದೆ. ಟಿಕೆಟ್ ಮತ್ತಿತರ ಮೂಲಗಳಿಂದ ಶೇ 1ರಿಂದ 2ರಷ್ಟು ಸೆಸ್ ಸಂಗ್ರಹಿಸಿ ನಿಧಿ ಕಟ್ಟುವುದು ಅದರ ಆಶಯ. ಆ ಹಣ ಸೆಟ್ಟಿನ ಬಡಗಿ, ಪೇಂಟರ್‌ವರೆಗೆ ಇಳಿದರೆ ಕಾಯ್ದೆ ಸಾರ್ಥಕ. ಮೈಸೂರು ಬಳಿಯ ಹಿಮ್ಮಾವಿನಲ್ಲಿ ಚಿತ್ರನಗರಿ ಕಟ್ಟುವ ಯೋಜನೆಯೂ ಇದೆ. ಕಟ್ಟಡದ ಜೊತೆಗೆ ಅಲ್ಲಿ ಸೆಟ್ಟಿನ ಸಾಮಾನು ಕಾಯ್ದಿಡುವ ಉಗ್ರಾಣ, ನಕಾಶೆಗಳ ಸಂಗ್ರಹ ಇರಬೇಕೆಂದು ಕೇಳುವವರು ಯಾರೂ ಇಲ್ಲ.

ದಾರಿ

ಕಲಿಯಲು ಇರುವ ನೇರ ದಾರಿ ಪುಣೆಯ ಎಫ್‌ಟಿಐಐ. ಅಲ್ಲಿ ಕಲಾ ನಿರ್ದೇಶನ ಮತ್ತು ಪ್ರೊಡಕ್ಷನ್ ಡಿಸೈನ್‌ಗೆ ಮೂರು ವರ್ಷದ ಸ್ನಾತಕೋತ್ತರ ಕೋರ್ಸ್ ಇದೆ. ಚಿತ್ರಕಲೆ, ಶಿಲ್ಪ, ಅನ್ವಯಿಕ ಕಲೆ, ವಾಸ್ತುಶಿಲ್ಪ, ಒಳಾಂಗಣ ವಿನ್ಯಾಸ ಓದಿದವರಿಗೆ ಪ್ರವೇಶ. ಅದಕ್ಕೆ ಮೊದಲ ಮೆಟ್ಟಿಲಾಗಿ ಮೈಸೂರಿನ ಕಾವಾ, ಬೆಂಗಳೂರಿನ ಚಿತ್ರಕಲಾ ಪರಿಷತ್ತು, ಧಾರವಾಡದ ಹಾಲಭಾವಿ ಕಲಾಶಾಲೆಯ ಪರಂಪರೆ ಇವೆ. ರಂಗದ ದಾರಿ ಬೇಕಾದವರಿಗೆ ಹೆಗ್ಗೋಡಿನ ನೀನಾಸಮ್. ಅಲ್ಲಿ ನಟನೆ ಕಲಿಯಲು ಹೋದವರೂ ಸುತ್ತಿಗೆ ಹಿಡಿಯದೆ ಬರುವುದಿಲ್ಲ. ಇವೆಲ್ಲ ಬೇಡ ಎಂದರೆ ಹಳೆಯ ದಾರಿ: ಹಿರಿಯ ಕಲಾ ನಿರ್ದೇಶಕರ ಬಳಿ ಸಹಾಯಕರಾಗಿ ಸೇರುವುದು. ಬಹುಪಾಲು ಜನ ಬಂದದ್ದು ಹೀಗೆಯೇ. ಸಿನಿಮಾ ಇಲ್ಲದ ತಿಂಗಳಲ್ಲಿ ಧಾರಾವಾಹಿ, ಜಾಹೀರಾತು, ಸಂಗ್ರಹಾಲಯ, ಸ್ತಬ್ಧಚಿತ್ರ, ಮದುವೆ ಮಂಟಪ ಕೈ ಹಿಡಿಯುತ್ತವೆ. ಅದರಲ್ಲಿ ನಾಚಿಕೆ ಏನೂ ಇಲ್ಲ.

ನಮ್ಮ ಸೀಮೆಯಲ್ಲಿ ಬಂಡವಾಳ ಬಿದ್ದಿದೆ. ತೇರದಾಳದಲ್ಲಿ ಹನ್ನೆರಡನೇ ಶತಮಾನದ ಬಸದಿ ಇದೆ, ಜಮಖಂಡಿಯಲ್ಲಿ ಸಂಸ್ಥಾನದ ಅರಮನೆ ಇದೆ, ಬೀಳಗಿಯಲ್ಲಿ ಅರೆತ್ತಿನ ಬಾವಿ ಇದೆ, ರಬಕವಿ ಬನಹಟ್ಟಿಯಲ್ಲಿ ಮಗ್ಗದ ಕೈಗಳಿವೆ, ಪಕ್ಕದಲ್ಲೇ ಗುಳೇದಗುಡ್ಡದ ಖಣ, ಇಳಕಲ್ಲಿನ ಸೀರೆ ಇವೆ. ಆಲಮಟ್ಟಿ ಹಿನ್ನೀರಿಗೆ ಹೋದ ಊರುಗಳ ಜೊತೆ ಎಷ್ಟೋ ಪಡಸಾಲೆ, ಕಂಬ, ಬೋದಿಗೆಗಳ ಅಳತೆಯೂ ಹೋಯಿತು. ಉಳಿದವು ಕಾಂಕ್ರೀಟಿಗೆ ಜಾಗ ಬಿಟ್ಟುಕೊಡುತ್ತಿವೆ. ಕಲಾವಿದ ಟಿ.ಬಿ. ಸೊಲಬಕ್ಕನವರ ಶಿಗ್ಗಾಂವಿ ಬಳಿಯ ಗೊಟಗೋಡಿಯಲ್ಲಿ ಉತ್ತರ ಕರ್ನಾಟಕದ ಹಳ್ಳಿಯ ಕಸುಬು, ಮನೆ, ಆಟಪಾಠಗಳನ್ನು ಆಳೆತ್ತರದ ಶಿಲ್ಪಗಳಲ್ಲಿ ಹಿಡಿದಿಟ್ಟು ಒಬ್ಬರ ಹಟದಿಂದ ಎಷ್ಟು ಸಾಧ್ಯ ಎಂದು ತೋರಿಸಿದರು. ಅದು ಮುಂದಿನ ಕಲಾ ನಿರ್ದೇಶಕರಿಗೆ ಸಿದ್ಧ ಆಕರ.

ಒಟ್ಟು ನೋಡಿದರೆ ತೀರ್ಪು ಹೀಗೆ. ಕನ್ನಡದಲ್ಲಿ ಕಲಾ ನಿರ್ದೇಶನಕ್ಕೆ ನೂರು ವರ್ಷದ ಬೇರಿದೆ, ರಾಷ್ಟ್ರಮಟ್ಟದ ಸಾಧನೆ ಇದೆ, ಈಗ ಕೆಲಸವೂ ಹೆಚ್ಚಿದೆ. ಇಲ್ಲದಿರುವುದು ಮೂರು: ಕರಾರಿನ ಭದ್ರತೆ, ರಾಜ್ಯದೊಳಗೆ ಒಂದು ಗಟ್ಟಿ ಕೋರ್ಸು, ಮಾಡಿದ್ದರ ದಾಖಲೆ. ಮೊದಲೆರಡು ಸರ್ಕಾರ ಮತ್ತು ಚಿತ್ರರಂಗ ಮಾಡಬೇಕಾದವು. ಮೂರನೆಯದಕ್ಕೆ ಯಾರ ಅಪ್ಪಣೆಯೂ ಬೇಡ. ಜಮಖಂಡಿ, ಮುಧೋಳ, ಬೀಳಗಿ, ತೇರದಾಳದ ಕಾಲೇಜುಗಳು ಒಂದೊಂದು ಹಳೆಯ ಮನೆಯನ್ನು ಆರಿಸಿಕೊಂಡು ವಿದ್ಯಾರ್ಥಿಗಳಿಂದ ಅಳೆಸಿ, ನಕಾಶೆ ಬರೆಸಿ, ಫೋಟೊ ತೆಗೆಸಿ, ವಸ್ತುಗಳ ಸ್ಥಳೀಯ ಹೆಸರು ಬರೆಸಿ ಗ್ರಂಥಾಲಯದಲ್ಲಿ ಇಡಲಿ. ನಿಮ್ಮ ಮನೆ ಕೆಡವುವ ಯೋಚನೆ ಇದ್ದರೆ ಮೇಸ್ತ್ರಿಯನ್ನು ಕರೆಸುವ ಮೊದಲು ಟೇಪು ಹಿಡಿದು ಪಡಸಾಲೆಯ ಉದ್ದಗಲ ಬರೆದಿಟ್ಟುಕೊಳ್ಳಿ, ಅದನ್ನು ಹತ್ತಿರದ ಕಾಲೇಜಿಗೆ ಕೊಡಿ.